ವಿ-2ರಿಂದ ವಿಕಾಸ್‌ವರೆಗೆ: ಯುದ್ಧದ ರಾಕೆಟ್ ಬಾಹ್ಯಾಕಾಶಕ್ಕೆ ಕೊಟ್ಟಿದ್ದೇನು?

2023ರ ಜುಲೈ 14ರ ಮಧ್ಯಾಹ್ನ ಚಂದ್ರಯಾನ-3 ಶ್ರೀಹರಿಕೋಟಾದಿಂದ ಹೊರಟಿತು. ಮೊದಲು ಉರಿದಿದ್ದು ಎರಡು ಪಕ್ಕದ ಬೂಸ್ಟರ್‌ಗಳು. ಎರಡು ನಿಮಿಷ ತುಂಬುವ ಮೊದಲೇ, ರಾಕೆಟ್ ಗಾಳಿಯಲ್ಲಿ ಇರುವಾಗಲೇ, ನಡುವಿನ ಹಂತದ ಎರಡು ಎಂಜಿನ್ ಹೊತ್ತಿಕೊಂಡವು. ಕಾಮೆಂಟರಿಯಲ್ಲಿ ಒಂದು ಸಾಲು, ಒಂದಿಷ್ಟು ಚಪ್ಪಾಳೆ, ಅಷ್ಟೇ. ಆ ಎರಡೂ ವಿಕಾಸ್ ಎಂಜಿನ್‌ಗಳು. ಇಸ್ರೋದಲ್ಲಿ ಗಾಣದ ಎತ್ತಿನ ಹಾಗೆ ದುಡಿಯುವ ಎಂಜಿನ್ ಇದು. ಪಿಎಸ್‌ಎಲ್‌ವಿ ಎರಡನೇ ಹಂತದಲ್ಲಿ ಇದೇ, ಜಿಎಸ್‌ಎಲ್‌ವಿಯಲ್ಲೂ ಇದೇ. ನಾಳೆ ಗಗನಯಾನದಲ್ಲಿ ನಮ್ಮವರನ್ನು ಮೇಲಕ್ಕೆ ಒಯ್ಯುವ ರಾಕೆಟ್‌ನ ನಡುವಿನ ಹಂತದಲ್ಲೂ ಇದೇ.

ಈ ಎತ್ತಿನ ವಂಶ ಹುಡುಕಿಕೊಂಡು ಹೋದರೆ ಮೊದಲು ಸಿಗುವುದು ಫ್ರಾನ್ಸ್. ವಿಕಾಸ್‌ಗೆ ಮೂಲ ಅಲ್ಲಿನ ವೈಕಿಂಗ್ ಎಂಜಿನ್. ವೈಕಿಂಗ್ ವಿನ್ಯಾಸದ ಹಿಂದೆ ಇದ್ದದ್ದು ಕಾರ್ಲ್ ಹೈನ್ಜ್ ಬ್ರಿಂಗರ್ ಎಂಬ ಜರ್ಮನ್ ಎಂಜಿನಿಯರ್. ಯುದ್ಧದ ಕಾಲದಲ್ಲಿ ಆತ ಕೆಲಸ ಮಾಡಿದ ಜಾಗ ಪೀನೆಮ್ಯುಂಡೆ. ಅಂದರೆ, ಹಿಟ್ಲರನ ವಿ-2 ರಾಕೆಟ್ ಹುಟ್ಟಿದ ಊರು.

ಇದನ್ನು ಓದಿದ ಕೂಡಲೇ ಎರಡು ಬಗೆಯ ಮಾತು ಬರುತ್ತವೆ. ವಾಟ್ಸಾಪ್‌ನಲ್ಲಿ ಎರಡನ್ನೂ ನೋಡಿದ್ದೇನೆ. "ನಾಝಿಗಳು ಇಲ್ಲದಿದ್ದರೆ ಚಂದ್ರನೂ ಇಲ್ಲ, ಯುದ್ಧದಿಂದಲೇ ವಿಜ್ಞಾನ ಬೆಳೆಯೋದು" ಅನ್ನುವುದು ಒಂದು. "ಹಳೇ ಕಥೆ ಯಾಕೆ ಕೆದಕ್ತೀರಿ, ಎಂಜಿನ್‌ಗೆ ಜಾತಿ ಇದೆಯಾ" ಅನ್ನುವುದು ಇನ್ನೊಂದು. ಎರಡೂ ಅರ್ಧ ನಿಜ. ಹಾಗಾಗಿ ವಿ-2 ಅಂದರೆ ಏನು, ಅದರಿಂದ ಯಾವ ವಸ್ತು ಯಾರ ಕೈಗೆ ಹೋಯಿತು, ಖರ್ಚು ಯಾರ ತಲೆಗೆ ಬಿತ್ತು ಅಂತ ಒಂದೊಂದಾಗಿ ಬಿಡಿಸಿ ನೋಡಬೇಕು. ಉಕ್ರೇನಿನ ಅಪಾರ್ಟ್‌ಮೆಂಟ್‌ಗಳ ಮೇಲೆ ಕ್ಷಿಪಣಿ ಬೀಳುವ ಸುದ್ದಿ, ಗಗನಯಾನದ ಪರೀಕ್ಷೆಯ ಸುದ್ದಿ ಒಂದೇ ಪುಟದಲ್ಲಿ ಬರುವ ಕಾಲ ಇದು. ಎರಡರ ಬೇರೂ ಒಂದೇ ಕಡೆ ಇದೆ.

ಮೊದಲು ಸ್ಫೋಟ, ಆಮೇಲೆ ಸದ್ದು

1944ರ ಸೆಪ್ಟೆಂಬರ್ 8, ಶುಕ್ರವಾರ ಸಂಜೆ. ಲಂಡನ್ನಿನ ಪಶ್ಚಿಮಕ್ಕೆ ಚಿಸಿಕ್ ಎಂಬ ಬಡಾವಣೆ. ಸೈರನ್ ಕೂಗಲಿಲ್ಲ. ವಿಮಾನದ ಸದ್ದೂ ಇಲ್ಲ. ಇದ್ದಕ್ಕಿದ್ದ ಹಾಗೆ ಸ್ಟೇವ್ಲಿ ರಸ್ತೆಯ ನಡುವೆ ದೊಡ್ಡ ಗುಂಡಿ ಬಿತ್ತು, ಅಕ್ಕಪಕ್ಕದ ಮನೆಗಳು ಕುಸಿದವು. ಮೂವರು ಸತ್ತರು. ಅವರಲ್ಲಿ ಒಂದು ಮೂರು ವರ್ಷದ ಮಗು. ಸ್ಫೋಟ ಆದ ಮೇಲೆ ಮೇಲಿನಿಂದ ಇನ್ನೊಂದು ಗುಡುಗು ಕೇಳಿಸಿತು. ಶಬ್ದಕ್ಕಿಂತ ವೇಗವಾಗಿ ಬರುವ ವಸ್ತುವಿನ ಲಕ್ಷಣ ಅದು: ತಾನು ಬಂದು ಮುಟ್ಟಿದ ಮೇಲೆ ತನ್ನ ಸದ್ದು ಬರುತ್ತದೆ. ಓಡಿ ಅಡಗಿಕೊಳ್ಳೋಣ ಅಂದರೆ ಸಮಯವೇ ಇಲ್ಲ.

ಅದೇ ಬೇಸಿಗೆಯಲ್ಲಿ ವಿ-1 ಎಂಬ ಇನ್ನೊಂದು ಆಯುಧ ಲಂಡನ್ ಮೇಲೆ ಬೀಳುತ್ತಿತ್ತು. ಎರಡನ್ನೂ ಒಂದೇ ಅಂದುಕೊಳ್ಳುವವರು ಬಹಳ. ವಿ-1 ಅಂದರೆ ಪೈಲಟ್ ಇಲ್ಲದ ಪುಟ್ಟ ಜೆಟ್ ವಿಮಾನ. ಬೈಕಿನ ಸೈಲೆನ್ಸರ್ ತೆಗೆದ ಹಾಗೆ ಸದ್ದು ಮಾಡಿಕೊಂಡು ಬರುತ್ತಿತ್ತು, ಹೊಡೆದು ಉರುಳಿಸಬಹುದಿತ್ತು. ವಿ-2 ಹಾಗಲ್ಲ. 14 ಮೀಟರ್ ಉದ್ದ, ಹನ್ನೆರಡೂವರೆ ಟನ್ ತೂಕ. ನೆಟ್ಟಗೆ ಮೇಲೆ ಹೋಗಿ, ವಾತಾವರಣದ ಅಂಚು ಮುಟ್ಟಿ, ಸುಮಾರು 300 ಕಿಲೋಮೀಟರ್ ಆಚೆ ಬೀಳುತ್ತಿತ್ತು. ತಡೆಯುವ ದಾರಿ ಯಾರಿಗೂ ಗೊತ್ತಿರಲಿಲ್ಲ. ಬ್ರಿಟಿಷ್ ಸರ್ಕಾರ ಮೊದಲ ಎರಡು ತಿಂಗಳು ಬಾಯೇ ಬಿಡಲಿಲ್ಲ. ಗ್ಯಾಸ್ ಪೈಪ್ ಒಡೆದಿದೆ ಎಂಬ ಸುದ್ದಿ ಹರಡಿತು. ಜನ ಅದನ್ನು "ಹಾರುವ ಗ್ಯಾಸ್ ಪೈಪ್" ಅಂತ ಗೇಲಿ ಮಾಡಿದರು. ನವೆಂಬರ್ 10ಕ್ಕೆ ಚರ್ಚಿಲ್ ಸಂಸತ್ತಿನಲ್ಲಿ ಒಪ್ಪಿಕೊಂಡ.

ಇಷ್ಟು ಕೇಳಿದರೆ ಭಯಂಕರ ಆಯುಧ ಅನ್ನಿಸುತ್ತದೆ, ಅಲ್ವಾ? ಬಿದ್ದ ಜಾಗದಲ್ಲಿ ಇದ್ದವರಿಗೆ ಹೌದು. ನವೆಂಬರ್ 25ರಂದು ಲಂಡನ್ನಿನ ನ್ಯೂ ಕ್ರಾಸ್‌ನಲ್ಲಿ ಒಂದು ಅಂಗಡಿಯ ಮೇಲೆ ಬಿದ್ದ ವಿ-2 168 ಜನರನ್ನು ಕೊಂದಿತು. ಡಿಸೆಂಬರ್ 16ರಂದು ಬೆಲ್ಜಿಯಂನ ಆಂಟ್ವರ್ಪ್‌ನಲ್ಲಿ ಸಿನಿಮಾ ನೋಡುತ್ತಿದ್ದ 567 ಜನ ಒಂದೇ ಏಟಿಗೆ ಸತ್ತರು. ಆದರೆ ಯುದ್ಧದ ಲೆಕ್ಕದಲ್ಲಿ ಇದು ದಂಡದ ಕೆಲಸ. ಗುರಿ ಕಿಲೋಮೀಟರ್‌ಗಟ್ಟಲೆ ತಪ್ಪುತ್ತಿತ್ತು, ಹಾಗಾಗಿ ಇಡೀ ನಗರವನ್ನು ಬಿಟ್ಟು ಬೇರೆ ಏನನ್ನೂ ಗುರಿ ಇಡಲು ಆಗುತ್ತಿರಲಿಲ್ಲ. ಸಿಡಿತಲೆಯ ತೂಕ ಬರೀ ಒಂದು ಟನ್. ಏಳು ತಿಂಗಳಲ್ಲಿ ಮೂರು ಸಾವಿರಕ್ಕೂ ಜಾಸ್ತಿ ವಿ-2 ಹಾರಿದವು, ಅಂದರೆ ಸುಮಾರು ಮೂರು ಸಾವಿರ ಟನ್ ಸಿಡಿತಲೆ. 1945ರ ಮಾರ್ಚ್ 12ರಂದು ಬ್ರಿಟಿಷ್ ವಾಯುಪಡೆ ಡಾರ್ಟ್‌ಮುಂಡ್ ಮೇಲೆ ಒಂದೇ ದಿನ ಸುರಿದ ಬಾಂಬ್ 4,800 ಟನ್‌ಗೂ ಹೆಚ್ಚು. ಅತ್ತ ಜರ್ಮನಿಯಲ್ಲಿ ತಿನ್ನಲು ಆಲೂಗಡ್ಡೆ ಸಾಲದ ಕಾಲ. ಒಂದು ವಿ-2ಗೆ ಬೇಕಾದ ಆಲ್ಕೋಹಾಲ್ ಬಟ್ಟಿ ಇಳಿಸಲು 30 ಟನ್ ಆಲೂಗಡ್ಡೆ ಬೇಕಿತ್ತು ಅಂತ ಲೆಕ್ಕ ಹೇಳುತ್ತಾರೆ.

ಬೆಟ್ಟ ಅಗೆದು ಇಲಿ ಹಿಡಿದರು ಅನ್ನುವ ಗಾದೆ ನೆನಪಾಗುತ್ತದೆ. ಇವರು ನಿಜವಾಗಿಯೇ ಬೆಟ್ಟ ಅಗೆದರು. ಆ ಬೆಟ್ಟದ ವಿಷಯಕ್ಕೆ ಆಮೇಲೆ ಬರುತ್ತೇನೆ.

ಒಪ್ಪಂದದಲ್ಲಿ ಬರೆಯದೇ ಬಿಟ್ಟ ಪದ

ಮೊದಲ ಮಹಾಯುದ್ಧದಲ್ಲಿ ಸೋತ ಜರ್ಮನಿಗೆ ವರ್ಸೈಲ್ಸ್ ಒಪ್ಪಂದ ಕೈ ಕಟ್ಟಿ ಹಾಕಿತ್ತು. ದೊಡ್ಡ ಫಿರಂಗಿ ಇಟ್ಟುಕೊಳ್ಳುವಂತಿಲ್ಲ, ಯುದ್ಧವಿಮಾನ ಇಟ್ಟುಕೊಳ್ಳುವಂತಿಲ್ಲ. ರಾಕೆಟ್ ಅನ್ನುವ ಪದ ಮಾತ್ರ ಅದರಲ್ಲಿ ಇರಲಿಲ್ಲ, ಯಾಕೆಂದರೆ 1919ರಲ್ಲಿ ರಾಕೆಟ್ ಅಂದರೆ ಯಾರಿಗೂ ಲೆಕ್ಕಕ್ಕೇ ಇರಲಿಲ್ಲ. ಸೇನೆಯ ಫಿರಂಗಿ ವಿಭಾಗದವರು ಈ ಸಂದಿ ಹಿಡಿದರು.

ಅದೇ ಹೊತ್ತಿಗೆ ಬರ್ಲಿನ್ನಿನ ಹೊರಗೆ ಒಂದಿಷ್ಟು ಹುಡುಗರು ಹಳೇ ಮದ್ದುಗುಂಡು ಮೈದಾನದಲ್ಲಿ ಕೈಯಿಂದ ದುಡ್ಡು ಹಾಕಿ ರಾಕೆಟ್ ಹಾರಿಸುತ್ತಿದ್ದರು. ಹರ್ಮನ್ ಓಬರ್ತ್ 1923ರಲ್ಲಿ ಬರೆದ ಪುಸ್ತಕ ಓದಿ ಗ್ರಹಗಳಿಗೆ ಹೋಗುವ ಹುಚ್ಚು ಹತ್ತಿಸಿಕೊಂಡವರು. ಅವರಲ್ಲಿ ಒಬ್ಬ ವೆರ್ನರ್ ಫಾನ್ ಬ್ರೌನ್. 1932ರಲ್ಲಿ, ಇಪ್ಪತ್ತನೇ ವಯಸ್ಸಿನಲ್ಲಿ, ಆತ ಸೇನೆಯ ಸಂಬಳಕ್ಕೆ ಸೇರಿದ. ಆಗಿನ್ನೂ ಹಿಟ್ಲರ್ ಅಧಿಕಾರಕ್ಕೆ ಬಂದಿರಲಿಲ್ಲ. ಆಮೇಲೆ 1937ರಲ್ಲಿ ಬ್ರೌನ್ ನಾಝಿ ಪಕ್ಷ ಸೇರಿದ, 1940ರಲ್ಲಿ ನಾಝಿಗಳ ಸಶಸ್ತ್ರ ಪಡೆ ಎಸ್‌ಎಸ್ ಸೇರಿದ. 1937ರಲ್ಲೇ ಬಾಲ್ಟಿಕ್ ಸಮುದ್ರದ ದಂಡೆಯ ಪೀನೆಮ್ಯುಂಡೆಯಲ್ಲಿ ರಾಕೆಟ್ ಕೇಂದ್ರ ಶುರುವಾಯಿತು. ಜಾಗ ತೋರಿಸಿದ್ದು ಬ್ರೌನ್‌ನ ತಾಯಿಯಂತೆ, ಅವಳ ಅಪ್ಪ ಅಲ್ಲಿ ಬಾತುಕೋಳಿ ಬೇಟೆಗೆ ಹೋಗುತ್ತಿದ್ದನಂತೆ.

ಆ ಕಾಲಕ್ಕೆ ರಾಕೆಟ್ ಬಲ್ಲವರು ಜರ್ಮನಿಯಲ್ಲಿ ಮಾತ್ರ ಇದ್ದರು ಅಂದುಕೊಳ್ಳಬೇಡಿ. ಅಮೆರಿಕದ ರಾಬರ್ಟ್ ಗೊಡಾರ್ಡ್ 1926ರ ಮಾರ್ಚ್ 16ರಂದೇ ಜಗತ್ತಿನ ಮೊದಲ ದ್ರವ ಇಂಧನದ ರಾಕೆಟ್ ಹಾರಿಸಿದ್ದ. ರಾಕೆಟ್ ಓರೆಯಾದರೆ ತಿಳಿಸುವ ಗೈರೊಸ್ಕೋಪ್, ಪಂಪ್ ಎಲ್ಲವನ್ನೂ ತನ್ನ ಪಾಡಿಗೆ ಪ್ರಯೋಗ ಮಾಡಿದ್ದ. ರಷ್ಯಾದಲ್ಲಿ ಸೆರ್ಗೈ ಕೊರೊಲೆವ್ ಇದ್ದ ತಂಡ 1933ರಲ್ಲಿ ರಾಕೆಟ್ ಹಾರಿಸಿತು. ಗೊಡಾರ್ಡ್ ಹತ್ತಿರ ನಾಲ್ಕೈದು ಜನ ಸಹಾಯಕರಿದ್ದರು. ಕೊರೊಲೆವ್‌ನನ್ನು ಸ್ಟಾಲಿನ್‌ನ ಪೊಲೀಸರು 1938ರಲ್ಲಿ ಹಿಡಿದು ಸೈಬೀರಿಯಾ ಕಡೆಯ ಕೊಲಿಮಾದ ಗಣಿಗೆ ಕಳಿಸಿದರು. ಪೀನೆಮ್ಯುಂಡೆಯಲ್ಲಿ ಸಾವಿರಾರು ಜನ, ಸ್ವಂತ ವಿದ್ಯುತ್ ಸ್ಥಾವರ, ಶಬ್ದಕ್ಕಿಂತ ನಾಲ್ಕು ಪಟ್ಟು ವೇಗದ ಗಾಳಿ ಬೀಸುವ ಸುರಂಗ, ಕೇಳಿದಷ್ಟು ದುಡ್ಡು. ಬುದ್ಧಿ ಎಲ್ಲ ಕಡೆ ಇತ್ತು. ಚೆಕ್ ಬುಕ್ ಒಂದೇ ಕಡೆ ಇತ್ತು.

ಒಂದೂವರೆ ಟ್ಯಾಂಕರ್, ಒಂದು ನಿಮಿಷ

ಈಗ ರಾಕೆಟ್‌ನ ಹೊಟ್ಟೆಯೊಳಗೆ ಹೋಗೋಣ. ಇಲ್ಲೇ ಇರೋದು ಮಜಾ.

ವಿ-2ರಲ್ಲಿ ಎರಡು ಟ್ಯಾಂಕ್. ಒಂದರಲ್ಲಿ ಆಲ್ಕೋಹಾಲ್, ಅದಕ್ಕೆ ಕಾಲು ಭಾಗ ನೀರು ಬೆರೆಸಿರುತ್ತಿದ್ದರು. ಇನ್ನೊಂದರಲ್ಲಿ ದ್ರವ ಆಮ್ಲಜನಕ, ಸೊನ್ನೆಗಿಂತ 183 ಡಿಗ್ರಿ ಕೆಳಗಿನ ತಣ್ಣಗಿನ ದ್ರವ. ಎರಡೂ ಸೇರಿ ಎಂಟೂವರೆ ಟನ್ ಮೇಲೆ. ಎಂಜಿನ್ ಉರಿಯುವುದು ಹೆಚ್ಚುಕಡಿಮೆ 65 ಸೆಕೆಂಡ್. ಬೆಂಗಳೂರಿನ ಬೀದಿಗೆ ಬರುವ ಆರು ಸಾವಿರ ಲೀಟರ್ ನೀರಿನ ಟ್ಯಾಂಕರ್ ಗೊತ್ತಲ್ಲ? ಸಂಪ್‌ಗೆ ಖಾಲಿ ಮಾಡಲು ಎಷ್ಟು ಹೊತ್ತು ಬೇಕು ಅನ್ನೋದು ಗೇಟ್ ಹತ್ತಿರ ಕಾದು ನಿಂತವರಿಗೆ ಗೊತ್ತು. ವಿ-2 ಅಂಥ ಒಂದೂವರೆ ಟ್ಯಾಂಕರ್ ದ್ರವವನ್ನು ಒಂದು ನಿಮಿಷದಲ್ಲಿ ಖಾಲಿ ಮಾಡಬೇಕಿತ್ತು. ಅದೂ ಸುಮ್ನೆ ಸುರಿಯುವುದಲ್ಲ, ಹದಿನೈದು ಪಟ್ಟು ವಾತಾವರಣದ ಒತ್ತಡ ಇರುವ, ಧಗಧಗ ಉರಿಯುತ್ತಿರುವ ಒಲೆಯೊಳಗೆ ನುಗ್ಗಿಸಬೇಕು.

ಸಣ್ಣ ರಾಕೆಟ್‌ನಲ್ಲಿ ಟ್ಯಾಂಕಿಗೇ ಗಾಳಿ ತುಂಬಿ ಒತ್ತಡ ಕೊಟ್ಟು ತಳ್ಳಬಹುದು. ದೊಡ್ಡದಾದರೆ ಆ ಒತ್ತಡ ತಡೆಯಲು ಟ್ಯಾಂಕಿನ ಗೋಡೆ ದಪ್ಪ ಆಗಬೇಕು, ತೂಕ ಏರುತ್ತದೆ, ರಾಕೆಟ್ ನೆಲ ಬಿಡುವುದಿಲ್ಲ. ಹಾಗಾಗಿ ಟ್ಯಾಂಕ್ ತೆಳ್ಳಗಿರಲಿ, ನಡುವೆ ಪಂಪ್ ಇಡೋಣ ಅಂದರು. ಬ್ರೌನ್ ಹೆದರಿಕೊಂಡೇ ಪಂಪ್ ಕಾರ್ಖಾನೆಗೆ ಹೋದನಂತೆ, ಇಂಥದ್ದು ಸಾಧ್ಯವೇ ಇಲ್ಲ ಅಂದುಬಿಡುತ್ತಾರೆ ಅಂತ. ನೋಡಿದರೆ ಅವನು ಕೇಳಿದ ಗುಣಗಳೆಲ್ಲ ಅಗ್ನಿಶಾಮಕ ದಳದ ಪಂಪಿನಲ್ಲಿ ಆಗಲೇ ಇದ್ದವು. ಬೇಗ ಶುರುವಾಗಬೇಕು, ಹಗುರ ಇರಬೇಕು, ಸಿಕ್ಕಾಪಟ್ಟೆ ನೀರು ಚಿಮ್ಮಬೇಕು. ಬೆಂಕಿ ಆರಿಸುವವರ ಉಪಕರಣದಿಂದ ಬೆಂಕಿ ಉಗುಳುವ ಯಂತ್ರಕ್ಕೆ ಹೃದಯ ಸಿಕ್ಕಿತು.

ಆ ಪಂಪನ್ನು ತಿರುಗಿಸಲು ಟರ್ಬೈನ್ ಬೇಕು, ಟರ್ಬೈನ್‌ಗೆ ಹಬೆ ಬೇಕು. ಒಲೆ, ಬಾಯ್ಲರ್ ಹೊತ್ತುಕೊಂಡು ಹಾರಲಾಗದು. ಗಾಯಕ್ಕೆ ಹಚ್ಚಿದರೆ ನೊರೆ ಬರುವ ಹೈಡ್ರೋಜನ್ ಪೆರಾಕ್ಸೈಡ್ ನೋಡಿದ್ದೀರಲ್ಲ, ಅದನ್ನೇ ತುಂಬಾ ಗಾಢ ಮಾಡಿ ಪರ್ಮಾಂಗನೇಟ್ ಜೊತೆ ಸೇರಿಸಿದರು. ಕಿಡಿಯೇ ಇಲ್ಲದೆ ಭರ್ರನೆ ಹಬೆ. ಟರ್ಬೈನ್ ಐನೂರಕ್ಕೂ ಹೆಚ್ಚು ಅಶ್ವಶಕ್ತಿಯಲ್ಲಿ ತಿರುಗಿತು.

ಎರಡನೇ ತಲೆನೋವು ಎಂಜಿನ್ ಕರಗದಂತೆ ನೋಡಿಕೊಳ್ಳುವುದು. ಒಳಗಿನ ಉರಿ ಉಕ್ಕು ಕರಗುವ ಬಿಸಿಗಿಂತ ತುಂಬಾ ಜಾಸ್ತಿ. ಗೋಡೆಯನ್ನು ಎರಡು ಪದರ ಮಾಡಿ ನಡುವೆ ಆಲ್ಕೋಹಾಲನ್ನೇ ಓಡಿಸಿದರು. ಒಲೆಗೆ ಹೋಗುವ ಇಂಧನವೇ ದಾರಿಯಲ್ಲಿ ಒಲೆಯನ್ನು ತಂಪು ಮಾಡುತ್ತಾ ಹೋಗಬೇಕು. ಜೊತೆಗೆ ಒಳಗೋಡೆಯಲ್ಲಿ ಸಣ್ಣ ತೂತು ಕೊರೆದು ಆಲ್ಕೋಹಾಲ್ ಒಸರುವ ಹಾಗೆ ಮಾಡಿದರು, ಬೆವರಿದ ಹಾಗೆ. ಈ ಕೆಲಸ ಮಾಡಿದವರಲ್ಲಿ ಮುಖ್ಯ ವಾಲ್ಟರ್ ಥೀಲ್. 1943ರ ಆಗಸ್ಟ್ 17ರ ರಾತ್ರಿ ಬ್ರಿಟಿಷ್ ವಿಮಾನಗಳು ಪೀನೆಮ್ಯುಂಡೆ ಮೇಲೆ ಬಾಂಬ್ ಹಾಕಿದಾಗ ಆತ ಸತ್ತ. ಅದೇ ರಾತ್ರಿ ಪಕ್ಕದ ಶಿಬಿರದಲ್ಲಿ ಹೊರದೇಶದಿಂದ ಬಲವಂತವಾಗಿ ತಂದ ನೂರಾರು ಕೂಲಿಗಳೂ ಸತ್ತರು.

ಮೂರನೆಯದು ದಾರಿ ತಪ್ಪದಂತೆ ಹೋಗುವುದು. ರಾಕೆಟ್ ಇನ್ನೂ ನಿಧಾನಕ್ಕೆ ಏಳುವಾಗ ರೆಕ್ಕೆಗೆ ಗಾಳಿಯ ಹಿಡಿತ ಇರುವುದಿಲ್ಲ. ಬೆರಳ ತುದಿಯಲ್ಲಿ ಕೋಲು ನಿಲ್ಲಿಸಿದ ಹಾಗೆ ಅದನ್ನು ಸಂಭಾಳಿಸಬೇಕು. ಎಂಜಿನ್ ಉಗುಳುವ ಬೆಂಕಿಯೊಳಗೇ ನಾಲ್ಕು ಗ್ರಾಫೈಟ್ ಚುಕ್ಕಾಣಿ ಇಟ್ಟರು. ಗೈರೊಸ್ಕೋಪ್ ಓರೆ ಎಷ್ಟು ಅಂತ ಹೇಳುತ್ತದೆ, ಚುಕ್ಕಾಣಿ ತಿರುಗುತ್ತದೆ. ಬೇಕಾದ ವೇಗ ಬಂದ ಕೂಡಲೇ ಇನ್ನೊಂದು ಉಪಕರಣ ಎಂಜಿನ್ ಆರಿಸುತ್ತದೆ.

1942ರ ಅಕ್ಟೋಬರ್ 3ರಂದು ಇದೆಲ್ಲ ಮೊದಲ ಸಲ ಒಟ್ಟಿಗೆ ಕೆಲಸ ಮಾಡಿತು. ಅದಕ್ಕೆ ಮೊದಲಿನ ಹಾರಾಟಗಳು ಸೋತಿದ್ದವು. ಆ ದಿನ ರಾಕೆಟ್ 80 ಕಿಲೋಮೀಟರ್ ಮೀರಿ ಏರಿತು. ಯೋಜನೆಯ ಮೇಲಧಿಕಾರಿ ವಾಲ್ಟರ್ ಡೋರ್ನ್‌ಬರ್ಗರ್ ಬಾಹ್ಯಾಕಾಶ ನೌಕೆ ಇವತ್ತು ಹುಟ್ಟಿತು ಎಂಬ ಅರ್ಥದ ಮಾತಾಡಿದ. 1944ರ ಜೂನ್ 20ರಂದು ನೆಟ್ಟಗೆ ಮೇಲಕ್ಕೆ ಬಿಟ್ಟ ಒಂದು ರಾಕೆಟ್ 170 ಕಿಲೋಮೀಟರ್ ದಾಟಿತು. 100 ಕಿಲೋಮೀಟರ್ ಗೆರೆಯನ್ನು ಬಾಹ್ಯಾಕಾಶದ ಬಾಗಿಲು ಅಂತ ಒಪ್ಪಿದರೆ, ಮನುಷ್ಯ ಮಾಡಿದ ವಸ್ತು ಆ ಬಾಗಿಲು ದಾಟಿದ್ದು ಅಂದು. ಎರಡೂವರೆ ತಿಂಗಳ ನಂತರ ಚಿಸಿಕ್.

ಬೆಟ್ಟದ ಒಳಗೆ

ಪೀನೆಮ್ಯುಂಡೆ ಮೇಲೆ ಬಾಂಬ್ ಬಿದ್ದ ಮೇಲೆ ಕಾರ್ಖಾನೆಯನ್ನು ನೆಲದೊಳಕ್ಕೆ ಸಾಗಿಸಿದರು. ಮಧ್ಯ ಜರ್ಮನಿಯ ನಾರ್ಡ್‌ಹೌಸನ್ ಹತ್ತಿರ ಕೋನ್‌ಸ್ಟೈನ್ ಅನ್ನುವ ಬೆಟ್ಟ. ಒಳಗೆ ಆಗಲೇ ಸುರಂಗಗಳಿದ್ದವು, ಅವನ್ನು ಇನ್ನಷ್ಟು ಕೊರೆಯಬೇಕಿತ್ತು. ಕೊರೆಯಲು ಬುಕೆನ್‌ವಾಲ್ಡ್ ಯಾತನಾ ಶಿಬಿರದಿಂದ ಕೈದಿಗಳನ್ನು ತಂದರು. ಅವರನ್ನು ಇಟ್ಟ ಹೊಸ ಶಿಬಿರದ ಹೆಸರು ಡೋರಾ. ಫ್ರೆಂಚರು, ರಷ್ಯನ್ನರು, ಪೋಲಿಷರು, ಆಮೇಲೆ ಯಹೂದಿಗಳು. ಮೊದಲ ತಿಂಗಳುಗಳಲ್ಲಿ ಅವರು ಮಲಗಿದ್ದೂ ಸುರಂಗದಲ್ಲೇ. ಬಂಡೆ ಸಿಡಿಸುವ ಜಾಗದ ಪಕ್ಕದಲ್ಲೇ ನಾಲ್ಕು ಹಂತದ ಮರದ ಅಟ್ಟ. ಒಬ್ಬ ಪಾಳಿಗೆ ಎದ್ದರೆ ಅದೇ ಜಾಗದಲ್ಲಿ ಇನ್ನೊಬ್ಬ. ಶೌಚಕ್ಕೆ ಅರ್ಧಕ್ಕೆ ಕತ್ತರಿಸಿದ ಪೀಪಾಯಿ. ಕುಡಿಯುವ ನೀರಿಗೆ ಪರದಾಟ. ವಾರಗಟ್ಟಲೆ ಬಿಸಿಲು ಕಾಣದವರು ಇದ್ದರು.

ಡೋರಾ ಮತ್ತು ಅದರ ಉಪಶಿಬಿರಗಳ ಮೂಲಕ ಹಾದುಹೋದ ಕೈದಿಗಳು ಸುಮಾರು 60,000. ಸತ್ತವರು ಸುಮಾರು 20,000. ವಿ-2 ಬಿದ್ದು ಸತ್ತವರು ಕೆಲವು ಸಾವಿರ. ಅಂದರೆ ಈ ರಾಕೆಟ್ ಹೊಡೆದು ಕೊಂದದ್ದಕ್ಕಿಂತ ಅದರ ಹೆಸರಿನಲ್ಲಿ ನಡೆದ ಜೀತ ಕೊಂದದ್ದೇ ಜಾಸ್ತಿ. ಕೆಲವು ಕೈದಿಗಳು ವೆಲ್ಡಿಂಗ್ ಸಡಿಲ ಬಿಟ್ಟು, ತಂತಿ ಕೆಡಿಸಿ ಸೇಡು ತೀರಿಸಿಕೊಂಡರು. ಸಿಕ್ಕಿಬಿದ್ದವರನ್ನು, ಅನುಮಾನ ಬಂದವರನ್ನು ಸಹ, ಸುರಂಗದ ಕ್ರೇನ್‌ಗೆ ಸಾಲಾಗಿ ನೇತು ಹಾಕಿದರು. ಉಳಿದವರು ಆ ಕಾಲುಗಳ ಪಕ್ಕದಲ್ಲಿ ಹಾದು ಕೆಲಸಕ್ಕೆ ಹೋಗಬೇಕಿತ್ತು.

ಬ್ರೌನ್‌ಗೆ ಗೊತ್ತಿರಲಿಲ್ಲವೇ? ಗೊತ್ತಿತ್ತು. ಆತ ಆ ಸುರಂಗಕ್ಕೆ ಎಷ್ಟೋ ಸಲ ಹೋಗಿದ್ದ. 1944ರ ಆಗಸ್ಟ್ 15ರಂದು ಆತ ಬರೆದ ಒಂದು ಪತ್ರ ಉಳಿದಿದೆ. ಕುಶಲ ಕೆಲಸ ಬಲ್ಲ ಕೈದಿಗಳನ್ನು ಹುಡುಕಲು ತಾನೇ ಬುಕೆನ್‌ವಾಲ್ಡ್‌ಗೆ ಹೋಗಿದ್ದಾಗಿ ಅದರಲ್ಲಿದೆ. ಅದೇ ವರ್ಷ ಮಾರ್ಚ್‌ನಲ್ಲಿ ನಾಝಿ ಗುಪ್ತ ಪೊಲೀಸ್ ಪಡೆ ಗೆಸ್ಟಾಪೊ ಅವನನ್ನು ಹಿಡಿದು ಸುಮಾರು ಎರಡು ವಾರ ಒಳಗಿಟ್ಟಿದ್ದೂ ನಿಜ. ಆಯುಧಕ್ಕಿಂತ ಬಾಹ್ಯಾಕಾಶದ ಮಾತೇ ಜಾಸ್ತಿ ಆಡುತ್ತಾನೆ ಎಂಬ ದೂರೂ ಅದರಲ್ಲಿತ್ತು. ಅವನ ಪರ ಮಾತಾಡುವವರು ಈ ಎರಡು ವಾರವನ್ನೇ ಮುಂದೆ ಹಿಡಿಯುತ್ತಾರೆ. ನನಗೆ ಪತ್ರದ ತೂಕವೇ ಹೆಚ್ಚು ಕಾಣುತ್ತದೆ.

ಲೂಟಿ ಹಂಚಿಕೊಂಡ ಮೂವರು

1945ರ ಏಪ್ರಿಲ್‌ನಲ್ಲಿ ಅಮೆರಿಕದ ಸೇನೆ ನಾರ್ಡ್‌ಹೌಸನ್ ತಲುಪಿತು. ಆ ಪ್ರದೇಶ ಒಪ್ಪಂದದ ಪ್ರಕಾರ ರಷ್ಯಾ ಪಾಲಿನದು. ರಷ್ಯನ್ನರು ಬರುವುದರೊಳಗೆ ಅಮೆರಿಕದವರು ಸುಮಾರು 100 ರಾಕೆಟ್‌ಗೆ ಬೇಕಾದ ಬಿಡಿಭಾಗ ರೈಲಿಗೆ ತುಂಬಿ ಆಂಟ್ವರ್ಪ್ ಬಂದರಿಗೆ ಸಾಗಿಸಿದರು. ಅದೇ ಆಂಟ್ವರ್ಪ್, ವಿ-2 ಅತಿ ಹೆಚ್ಚು ಬಿದ್ದ ಊರು. ಬ್ರೌನ್ ಮತ್ತು ಸಂಗಡಿಗರು ಮೇ 2ರಂದು ಆಸ್ಟ್ರಿಯಾದ ಗಡಿಯಲ್ಲಿ ಶರಣಾದರು. ಗಣಿಯಲ್ಲಿ ಬಚ್ಚಿಟ್ಟಿದ್ದ ಟನ್‌ಗಟ್ಟಲೆ ಕಾಗದಪತ್ರವೂ ಅಮೆರಿಕದ ಕೈಸೇರಿತು. ಇವರನ್ನು ಕರೆದೊಯ್ದ ಕಾರ್ಯಾಚರಣೆಯ ಹೆಸರು ಪೇಪರ್‌ಕ್ಲಿಪ್. ನಾಝಿ ಹಿನ್ನೆಲೆ ಇದ್ದವರ ಫೈಲ್‌ಗಳನ್ನು ತಿದ್ದಿ ಹಗುರ ಮಾಡಿದರು.

ನ್ಯೂ ಮೆಕ್ಸಿಕೋದ ವೈಟ್ ಸ್ಯಾಂಡ್ಸ್ ಮರುಭೂಮಿಯಲ್ಲಿ 1946ರಿಂದ 1952ರವರೆಗೆ 60ಕ್ಕೂ ಹೆಚ್ಚು ವಿ-2 ಹಾರಿದವು. ಸೇನೆಗೆ ರಾಕೆಟ್ ಹಾರಿಸುವ ಅಭ್ಯಾಸ ಬೇಕಿತ್ತು, ಸಿಡಿತಲೆಯ ಜಾಗ ಖಾಲಿ ಇತ್ತು. ಆ ಖಾಲಿ ಜಾಗಕ್ಕೆ ವಿಜ್ಞಾನಿಗಳು ನುಗ್ಗಿದರು. 1946ರ ಅಕ್ಟೋಬರ್ 24ರಂದು ಒಂದು ಸಾಧಾರಣ 35 ಎಂಎಂ ಸಿನಿಮಾ ಕ್ಯಾಮೆರಾ ಮೇಲೆ ಹೋಯಿತು. ಒಂದೂವರೆ ಸೆಕೆಂಡಿಗೆ ಒಂದು ಚಿತ್ರ. 105 ಕಿಲೋಮೀಟರ್ ಎತ್ತರ ಏರಿ ವಾಪಸ್ ನೆಲಕ್ಕೆ ಅಪ್ಪಳಿಸಿತು. ಕ್ಯಾಮೆರಾ ನುಚ್ಚುನೂರು. ಉಕ್ಕಿನ ಡಬ್ಬಿಯಲ್ಲಿದ್ದ ಫಿಲ್ಮ್ ಮಾತ್ರ ಉಳಿಯಿತು. ತೊಳೆದು ನೋಡಿದರೆ ಕಪ್ಪು ಆಕಾಶದ ಕೆಳಗೆ ಬಾಗಿದ ಭೂಮಿ, ಮೇಲೆ ಹತ್ತಿ ಚೆಲ್ಲಿದ ಹಾಗೆ ಮೋಡ. ಬಾಹ್ಯಾಕಾಶದಿಂದ ತೆಗೆದ ಮೊದಲ ಫೋಟೋ ಅದು. ಮುಂದಿನ ವರ್ಷ ಹಣ್ಣಿನ ನೊಣ ಹೋದವು, 1949ರಲ್ಲಿ ಒಂದು ಕೋತಿ ಹೋಯಿತು, ಬದುಕಿ ಬರಲಿಲ್ಲ. ಒಂದು ರಾಕೆಟ್ ದಿಕ್ಕು ತಪ್ಪಿ ಗಡಿ ದಾಟಿ ಮೆಕ್ಸಿಕೋದ ಹ್ವಾರೆಸ್ ಊರಿನ ಸ್ಮಶಾನದ ಹತ್ತಿರ ಬಿತ್ತು. ಯಾರಿಗೂ ಏನೂ ಆಗಲಿಲ್ಲ. ಊರಿನ ಹುಡುಗರು ಮರುಕ್ಷಣವೇ ರಾಕೆಟ್ ಚೂರು ಮಾರಲು ಶುರು ಮಾಡಿದರಂತೆ. ಆ ದಿನ ಮಾರಾಟವಾದ ತಗಡಿನ ತೂಕ ರಾಕೆಟ್ಟಿಗಿಂತ ಜಾಸ್ತಿ ಇತ್ತು ಅಂತ ಜೋಕು.

ಮುಂದೆ ಬ್ರೌನ್ ತಂಡ ಅಲಬಾಮಾದ ಹಂಟ್ಸ್‌ವಿಲ್‌ಗೆ ಬಂತು, ರೆಡ್‌ಸ್ಟೋನ್ ಕ್ಷಿಪಣಿ ಮಾಡಿತು. ಅದೇ ಆಲ್ಕೋಹಾಲ್, ಅದೇ ಪೆರಾಕ್ಸೈಡ್ ಟರ್ಬೈನ್, ಬೆಂಕಿಯಲ್ಲಿ ಅದೇ ಚುಕ್ಕಾಣಿ. ರೆಡ್‌ಸ್ಟೋನ್ ಸಂತಾನವೇ 1958ರಲ್ಲಿ ಅಮೆರಿಕದ ಮೊದಲ ಉಪಗ್ರಹ ಎಕ್ಸ್‌ಪ್ಲೋರರ್-1ನ್ನು ಮೇಲೆ ಇಟ್ಟಿತು. 1961ರ ಮೇ 5ರಂದು ಅಮೆರಿಕದ ಮೊದಲ ಗಗನಯಾತ್ರಿ ಅಲನ್ ಶೆಪರ್ಡ್ ಕೂತಿದ್ದೂ ರೆಡ್‌ಸ್ಟೋನ್ ಮೇಲೆಯೇ.

ರಷ್ಯನ್ನರಿಗೆ ಸಿಕ್ಕಿದ್ದು ಅಳಿದುಳಿದ ಭಾಗ, ಎರಡನೇ ಸಾಲಿನ ಎಂಜಿನಿಯರ್‌ಗಳು. ಸೆರೆಮನೆಯಿಂದ ಹೊರಬಂದಿದ್ದ ಕೊರೊಲೆವ್ ಸೇನಾ ಸಮವಸ್ತ್ರದಲ್ಲಿ ಜರ್ಮನಿಗೆ ಬಂದು ಚೂರು ಜೋಡಿಸಿದ. 1946ರ ಅಕ್ಟೋಬರ್ 22ರ ಬೆಳಗಿನ ಜಾವ ಸೈನಿಕರು ಮನೆಮನೆಯ ಬಾಗಿಲು ತಟ್ಟಿ ಜರ್ಮನ್ ತಜ್ಞರನ್ನು ಕುಟುಂಬ ಸಮೇತ ರೈಲು ಹತ್ತಿಸಿದರು. ರಾಕೆಟ್ ತಂಡದ ಬಹಳಷ್ಟು ಜನರನ್ನು ಒಂದು ಸರೋವರದ ನಡುವಿನ ದ್ವೀಪದಲ್ಲಿ ಇಟ್ಟರು. ಅವರಿಂದ ಬೇಕಾದ್ದು ಕೇಳಿ ತಿಳಿದುಕೊಂಡು, ತಮ್ಮ ನಿಜವಾದ ಕೆಲಸದ ಹತ್ತಿರಕ್ಕೂ ಬಿಟ್ಟುಕೊಳ್ಳದೆ, 50ರ ದಶಕದ ಮೊದಲರ್ಧದಲ್ಲಿ ವಾಪಸ್ ಕಳಿಸಿದರು. ಕೊರೊಲೆವ್‌ಗೆ ತನ್ನದೇ ವಿನ್ಯಾಸ ಮಾಡುವ ಆಸೆ. ಸ್ಟಾಲಿನ್‌ನ ಅಪ್ಪಣೆ ಮಾತ್ರ ಮೊದಲು ವಿ-2 ನಕಲು ಮಾಡು ಅಂತ. ನಕಲು ಸುಲಭ ಅಂದುಕೊಂಡಿರಾ? ಬೇಕಾದ ಬಗೆಯ ಉಕ್ಕು ರಷ್ಯಾದಲ್ಲಿ ಸಿಗುತ್ತಿರಲಿಲ್ಲ, ಸರಿಯಾದ ರಬ್ಬರ್ ಸೀಲ್ ಸಿಗುತ್ತಿರಲಿಲ್ಲ. ಅದನ್ನೆಲ್ಲ ಮಾಡಲು ಕಲಿತದ್ದೇ ಆ ನಕಲಿನ ಲಾಭ. 1948ರಲ್ಲಿ ಆ ನಕಲು ಆರ್-1 ಎಂಬ ಹೆಸರಿನಲ್ಲಿ ಹಾರಿತು. ಒಂಬತ್ತು ವರ್ಷಕ್ಕೆ ಆರ್-7 ಎಂಬ ದೊಡ್ಡ ರಾಕೆಟ್ ಬಂತು, 1957ರ ಅಕ್ಟೋಬರ್ 4ರಂದು ಅದರ ಮೇಲೆ ಜಗತ್ತಿನ ಮೊದಲ ಉಪಗ್ರಹ ಸ್ಪುಟ್ನಿಕ್.

ಆರ್-7 ನೋಡಿದರೆ ವಿ-2ರ ಮುಖ ಎಲ್ಲೂ ಕಾಣುವುದಿಲ್ಲ. ಇಂಧನ ಸೀಮೆಎಣ್ಣೆ ಜಾತಿಯದು, ಐದು ರಾಕೆಟ್ ಒಟ್ಟಿಗೆ ಕಟ್ಟಿದ ಹಾಗಿನ ಆಕಾರ. ಆದರೆ ಒಳಗೆ ಟರ್ಬೈನ್ ತಿರುಗಿಸಲು ಇವತ್ತಿಗೂ ಹೈಡ್ರೋಜನ್ ಪೆರಾಕ್ಸೈಡ್. ಆರ್-7ರ ಮೊಮ್ಮಗನೇ ಸೊಯೂಜ್ ರಾಕೆಟ್. 1984ರ ಏಪ್ರಿಲ್ 3ರಂದು ರಾಕೇಶ್ ಶರ್ಮಾ ಅವರನ್ನು ಮೇಲೆ ಒಯ್ದ ರಾಕೆಟ್‌ನ ಪಂಪುಗಳೂ ಇದೇ ಹಬೆಯಿಂದ ತಿರುಗಿದವು.

ಇದೇ ಬೇರಿನ ಇನ್ನೊಂದು ಕೊಂಬೆ ಸ್ಕಡ್ ಕ್ಷಿಪಣಿ. ರಷ್ಯಾದಲ್ಲಿ ಹುಟ್ಟಿ, ಉತ್ತರ ಕೊರಿಯಾದಲ್ಲಿ ನಕಲಾಗಿ, ಇರಾನಿನಲ್ಲಿ ಶಹಾಬ್-1 ಆಯಿತು. ಈ ಕೊಂಬೆಯ ಹಣ್ಣು ಇನ್ನೂ ಬೀಳುತ್ತಲೇ ಇದೆ.

ಹಾಗಾದರೆ ಸಾಲ ಎಷ್ಟು?

ನನ್ನ ಲೆಕ್ಕ ಹೀಗೆ. ವಿ-2ರಿಂದ ಬಾಹ್ಯಾಕಾಶಕ್ಕೆ ಬಂದದ್ದು ಮುಖ್ಯವಾಗಿ ಕೊಳಾಯಿ ಕೆಲಸ: ಪಂಪ್, ತಂಪು ಮಾಡುವ ಗೋಡೆ, ಬೆರಳ ತುದಿಯ ಕೋಲು ಬೀಳದಂತೆ ಹಿಡಿಯುವ ಉಪಾಯ. ಜೊತೆಗೆ ಸಾವಿರಾರು ಜನ ಒಂದೇ ಯಂತ್ರಕ್ಕೆ ದುಡಿಯುವ ವ್ಯವಸ್ಥೆ. ಕಕ್ಷೆ ಸೇರಲು ಬೇಕಾದ ಉಳಿದದ್ದು ಅದರಲ್ಲಿ ಇರಲಿಲ್ಲ. ವಿ-2ಗೆ ಹಂತಗಳೇ ಇಲ್ಲ. ಟ್ಯಾಂಕಿನ ಮೇಲೆ ಇನ್ನೊಂದು ಉಕ್ಕಿನ ಅಂಗಿ ತೊಡಿಸಿದ ಭಾರದ ದೇಹ ಅದರದು. ಕಕ್ಷೆಯಿಂದ ಮನುಷ್ಯನನ್ನು ಸುಡದೆ ಇಳಿಸುವ ಕವಚ, ಹೈಡ್ರೋಜನ್ ಎಂಜಿನ್, ಇವೆಲ್ಲ ಆಮೇಲೆ ಬೇರೆಯವರು ಮಾಡಿದ್ದು.

"ಯುದ್ಧ ಇಲ್ಲದಿದ್ದರೆ ರಾಕೆಟ್ ಇಲ್ಲ" ಅನ್ನುವ ಮಾತನ್ನೂ ನಾನು ಪೂರ್ತಿ ಒಪ್ಪುವುದಿಲ್ಲ. ಗೊಡಾರ್ಡ್ ಇದ್ದ, ಕೊರೊಲೆವ್ ಇದ್ದ, ಓಬರ್ತ್ ಇದ್ದ. ಅಮೆರಿಕದ ವ್ಯಾಕ್ ಕಾರ್ಪೊರಲ್ ಎಂಬ ಪುಟ್ಟ ರಾಕೆಟ್ ಜರ್ಮನ್ನರ ಸಹಾಯ ಇಲ್ಲದೆ 1945ರಲ್ಲೇ ಹಾರಿತು. ಯುದ್ಧ ಕೊಟ್ಟದ್ದು ವೇಗ. ಆ ವೇಗ ಬಂದದ್ದು ಲೆಕ್ಕ ಕೇಳದ ಹಣದಿಂದ, ಸಂಬಳ ಕೊಡದ ಕೂಲಿಯಿಂದ. ಯಾರದೋ ದುಡ್ಡು ಎಲ್ಲಮ್ಮನ ಜಾತ್ರೆ ಅಂತೀವಲ್ಲ, ಇಲ್ಲಿ ದುಡ್ಡಿನ ಜಾಗದಲ್ಲಿ ಜೀವ ಇತ್ತು.

ಇಲ್ಲಿ ಒಂದು ಮಾತು. ರಾಕೆಟ್ ವಿಷಯ ಬಂದರೆ ನಮ್ಮಲ್ಲಿ ಯಾರಾದರೂ ಟಿಪ್ಪು ಹೆಸರು ಎತ್ತದೆ ಬಿಡುವುದಿಲ್ಲ. ಮೈಸೂರು ರಾಕೆಟ್ ದೊಡ್ಡ ಸಾಧನೆಯೇ. 1780ರಲ್ಲಿ ಪೊಳ್ಳಿಲೂರಿನಲ್ಲಿ ಬ್ರಿಟಿಷರು ಅದರ ಏಟು ತಿಂದರು, ಅದನ್ನು ನೋಡಿ ಕಾಂಗ್ರೀವ್ ಇಂಗ್ಲೆಂಡಿನಲ್ಲಿ ತನ್ನ ರಾಕೆಟ್ ಮಾಡಿದ. 2018ರಲ್ಲಿ ಶಿವಮೊಗ್ಗ ಜಿಲ್ಲೆಯ ನಗರ ಎಂಬ ಊರಿನ ಬಾವಿಯೊಂದರಲ್ಲಿ ಸಾವಿರದಷ್ಟು ಕಬ್ಬಿಣದ ರಾಕೆಟ್ ಸಿಕ್ಕವು. ಆದರೆ ಅದು ಮದ್ದು ತುಂಬಿದ ಕೊಳವೆಯ ದಾರಿ. ವಿ-2ರ ದ್ರವ ಇಂಧನದ ದಾರಿ ಬೇರೆ. ಎರಡನ್ನೂ ಒಂದೇ ದಾರದಲ್ಲಿ ಪೋಣಿಸುವುದು ಭಾಷಣಕ್ಕೆ ಚೆನ್ನ, ಇತಿಹಾಸಕ್ಕಲ್ಲ.

ನಮಗೆ ವಿ-2 ಜೊತೆ ಇರುವ ನಿಜವಾದ ನಂಟು ಮೂರನೇ ಲೂಟಿಯಿಂದ ಬಂತು. ಫ್ರಾನ್ಸ್ ಕೂಡ ಒಂದಿಷ್ಟು ಜರ್ಮನ್ನರನ್ನು ಕರೆಸಿಕೊಂಡು ಸೀನ್ ನದಿ ದಂಡೆಯ ವೆರ್ನಾನ್ ಊರಿನಲ್ಲಿ ಕೂರಿಸಿತು. ಬ್ರಿಂಗರ್ ಅವರಲ್ಲಿ ಒಬ್ಬ. ಪೆರಾಕ್ಸೈಡ್ ಬೇಡ, ರಾಕೆಟ್‌ನ ಇಂಧನವನ್ನೇ ಸ್ವಲ್ಪ ಉರಿಸಿ, ಅದಕ್ಕೆ ನೀರು ಚಿಮುಕಿಸಿ ಹದ ಮಾಡಿ ಟರ್ಬೈನ್ ತಿರುಗಿಸೋಣ ಅನ್ನುವುದು ಆತನ ಹಳೇ ಯೋಚನೆ. ವೆರ್ನಾನ್‌ನಲ್ಲಿ ಅದು ವೆರೋನಿಕ್ ಎಂಬ ಸಣ್ಣ ರಾಕೆಟ್‌ನಿಂದ ಶುರುವಾದ ದಾರಿಯಲ್ಲಿ ವೈಕಿಂಗ್ ತನಕ ಬಂತು, ಯುರೋಪಿನ ಏರಿಯಾನ್ ರಾಕೆಟ್ ಅದರ ಮೇಲೆ ನಿಂತಿತು. 1974ರಲ್ಲಿ ಇಸ್ರೋ ಒಂದು ಜಾಣ ಒಪ್ಪಂದ ಮಾಡಿಕೊಂಡಿತು. ತಂತ್ರಜ್ಞಾನಕ್ಕೆ ದುಡ್ಡಿನ ಬದಲು ನಮ್ಮ ಎಂಜಿನಿಯರ್‌ಗಳ ದುಡಿಮೆ. ನಂಬಿ ನಾರಾಯಣನ್ ಅವರ ಮುಂದಾಳತ್ವದಲ್ಲಿ ನಮ್ಮವರು ವೆರ್ನಾನ್‌ಗೆ ಹೋಗಿ ವೈಕಿಂಗ್ ಕೆಲಸದಲ್ಲಿ ಕೈಜೋಡಿಸಿದರು, ಕಲಿತು ಬಂದು ವಿಕಾಸ್ ಮಾಡಿದರು. ಬೇರೆಯವರ ಹತ್ತಿರ ಕಲಿಯುವುದಕ್ಕೆ ಇನ್ನೊಂದು ದಾರಿಯೂ ಇತ್ತು ಅಂತ ತೋರಿಸಿದ್ದು ಇದೇ.

ಹೆಸರು ತೆಗೆಯುವವರು, ಇಡುವವರು

1992ರಲ್ಲಿ ಜರ್ಮನಿಯ ವಿಮಾನ ಉದ್ಯಮದವರು 1942ರ ಅಕ್ಟೋಬರ್ 3ರ ಮೊದಲ ಯಶಸ್ವಿ ಹಾರಾಟದ 50ನೇ ವರ್ಷಾಚರಣೆಯನ್ನು ಪೀನೆಮ್ಯುಂಡೆಯಲ್ಲಿ ಮಾಡಲು ಹೊರಟರು. ಬ್ರಿಟನ್ನಿನಿಂದ ಕೂಗು ಎದ್ದಿತು, ಸರ್ಕಾರ ಹಿಂದೆ ಸರಿಯಿತು, ಕಾರ್ಯಕ್ರಮ ನಿಂತಿತು. ಈಗ ಅಲ್ಲಿ ಮ್ಯೂಸಿಯಂ ಇದೆ, ಹಳೇ ವಿದ್ಯುತ್ ಸ್ಥಾವರದಲ್ಲಿ. ಬವೇರಿಯಾದ ಫ್ರೀಡ್‌ಬರ್ಗ್‌ನ ಒಂದು ಪ್ರೌಢಶಾಲೆ ಬ್ರೌನ್ ಹೆಸರನ್ನು ಕೈಬಿಟ್ಟಿತು. ಹಂಟ್ಸ್‌ವಿಲ್‌ನ ದೊಡ್ಡ ಸಭಾಂಗಣಕ್ಕೆ ಇನ್ನೂ ಅವನದೇ ಹೆಸರು.

ಆರ್ಥರ್ ರುಡಾಲ್ಫ್ ಎಂಬವನ ಕಥೆ ಇನ್ನೂ ವಿಚಿತ್ರ. ಕೋನ್‌ಸ್ಟೈನ್ ಸುರಂಗದಲ್ಲಿ ವಿ-2 ಉತ್ಪಾದನೆಯ ಉಸ್ತುವಾರಿ ಅವನದು. ಅಮೆರಿಕಕ್ಕೆ ಹೋಗಿ, ಮನುಷ್ಯರನ್ನು ಚಂದ್ರನಿಗೆ ಒಯ್ದ ಸ್ಯಾಟರ್ನ್-5 ಯೋಜನೆಯ ಮ್ಯಾನೇಜರ್ ಆದ. ಬಿರುದು, ಪದಕ ಎಲ್ಲ ಬಂದವು. 1980ರ ದಶಕದಲ್ಲಿ ಅಮೆರಿಕದ ನ್ಯಾಯ ಇಲಾಖೆಯವರು ಡೋರಾದ ಹಳೇ ಕಡತ ತೆಗೆದು ಅವನ ಮುಂದೆ ಇಟ್ಟರು. 1984ರಲ್ಲಿ ಆತ ದೇಶ ಬಿಟ್ಟು ಜರ್ಮನಿಗೆ ಹೋದ, ಪೌರತ್ವವನ್ನೂ ಬಿಟ್ಟುಕೊಟ್ಟ.

ಕೋನ್‌ಸ್ಟೈನ್ ಸುರಂಗದ ಬಾಯಿಗಳನ್ನು ರಷ್ಯನ್ನರು ಯುದ್ಧದ ನಂತರ ಸಿಡಿಸಿ ಮುಚ್ಚಿದ್ದರು. 90ರ ದಶಕದಲ್ಲಿ ಪಕ್ಕದಿಂದ ಹೊಸ ದಾರಿ ಕೊರೆದರು. ಈಗ ಮಾರ್ಗದರ್ಶಿಯ ಜೊತೆ ಒಂದಿಷ್ಟು ದೂರ ನಡೆದು ಹೋಗಬಹುದು. ಒಳಗೆ ವರ್ಷವಿಡೀ ಒಂದೇ ಚಳಿ. ಕೆಳಗಿನ ಅಂತಸ್ತಿನಲ್ಲಿ ನೀರು ನಿಂತಿದೆ. ನಡೆಯುವ ದಾರಿಯ ಪಕ್ಕದಲ್ಲಿ ಬಂಡೆಚೂರಿನ ನಡುವೆ ತುಕ್ಕು ಹಿಡಿದ ರಾಕೆಟ್ ಭಾಗಗಳು ಬಿದ್ದಲ್ಲೇ ಬಿದ್ದಿವೆ, ಯಾರೂ ಎತ್ತಿಲ್ಲ.